ಭೈರರಸ ಒಡೆಯ: ಕಳಸ–ಕಾರ್ಕಳದ ಅರಸುಬಿರುದು ಮತ್ತು ಅದನ್ನು ಧರಿಸಿದವರು

ಭೈರರಸ ಒಡೆಯ ಎಂಬುದು ಪಶ್ಚಿಮಘಟ್ಟದ ಮೇಲಿನ ಕಳಸ ಮತ್ತು ಘಟ್ಟದ ಕೆಳಗಿನ ಕಾರ್ಕಳ ಎರಡನ್ನೂ ಆಳಿದ ಜೈನ ಅರಸುಮನೆತನದ ಪಟ್ಟದ ಹೆಸರು. ಈ ಮನೆತನ ಹೊಂಬುಜದ ಸಾಂತರರ ಕವಲು. 15ನೆಯ ಶತಮಾನದಿಂದ 17ನೆಯ ಶತಮಾನದವರೆಗಿನ ಶಾಸನಗಳಲ್ಲಿ ಈ ಹೆಸರು ‘ಭೈರರಸ’, ‘ವೀರ ಭೈರರಸ ಒಡೆಯ’, ‘ಭೈರವೇಂದ್ರ’, ‘ಇಮ್ಮಡಿ ಭೈರರಸ’ ಎಂಬ ರೂಪಗಳಲ್ಲಿ ಕಾಣುತ್ತದೆ. ಈಗಿನ ಚಿಕ್ಕಮಗಳೂರು ಜಿಲ್ಲೆಯ ಕಳಸ, ಮೂಡಿಗೆರೆ ಮತ್ತು ಕೊಪ್ಪದ ಭಾಗಗಳು, ಉಡುಪಿ ಜಿಲ್ಲೆಯ ಕಾರ್ಕಳ ಹಾಗೂ ಅದರ ನೆರೆಯ ಸೀಮೆಗಳು ಬೇರೆಬೇರೆ ಕಾಲದಲ್ಲಿ ಈ ಅರಸರ ಆಳ್ವಿಕೆಗೆ ಒಳಪಟ್ಟಿದ್ದವು. ಘಟ್ಟದ ಮೇಲಿನ ಕಳಸರಾಜ್ಯವನ್ನೂ ಕೆಳಗಿನ ಕಾರ್ಕಳರಾಜ್ಯವನ್ನೂ ಒಂದೇ ಪಟ್ಟದ ಅಡಿಯಲ್ಲಿ ಹಿಡಿದಿಟ್ಟುಕೊಂಡದ್ದು ಈ ಬಿರುದಿನ ಮುಖ್ಯ ಲಕ್ಷಣ. ಕಾರ್ಕಳದ ಗೊಮ್ಮಟ ಮೂರ್ತಿ ಮತ್ತು ಚತುರ್ಮುಖ ಬಸದಿ ಈ ಮನೆತನದ ಪ್ರಸಿದ್ಧ ನಿರ್ಮಾಣಗಳು. ಕಳಸದ ಕಳಸೇಶ್ವರ ದೇವಾಲಯ ಅವರ ದತ್ತಿ ಮತ್ತು ಹರಕೆಗಳನ್ನು ಪಡೆದ ಶೈವಕ್ಷೇತ್ರ.

ಬಿರುದಿನ ಸ್ವರೂಪ

‘ಭೈರವ’ ಮೊದಲು ವ್ಯಕ್ತಿಯ ಹೆಸರು. ಅದಕ್ಕೆ ‘ಅರಸ’ ಸೇರಿ ಭೈರರಸ ಎಂದಾಯಿತು. ವಿಜಯನಗರದ ಕಾಲದಲ್ಲಿ ಪ್ರಾಂತ್ಯಾಧಿಕಾರಿಗಳಿಗೂ ಸಾಮಂತರಿಗೂ ಸಲ್ಲುತ್ತಿದ್ದ ‘ಒಡೆಯ’ ಎಂಬ ಗೌರವಪದ ಅದರ ಮುಂದೆ ಬಂತು. ಮನೆತನದಲ್ಲಿ ಈ ಹೆಸರು ಮತ್ತೆ ಮತ್ತೆ ಬಂದು, ಕೊನೆಗೆ ಪಟ್ಟಕ್ಕೆ ಬಂದವನನ್ನು ಗುರುತಿಸುವ ಹೆಸರಾಗಿಯೇ ನಿಂತಿತು. ಮಧ್ಯಯುಗದ ಯೂರೋಪಿನಲ್ಲಿಯೂ ಇಂಥದೇ ಬೆಳವಣಿಗೆ ಕಾಣುತ್ತದೆ. ಈಗಿನ ಫ್ರಾನ್ಸಿನ ಆಗ್ನೇಯಕ್ಕಿರುವ ವಿಯೆನ್ನ್ವಾ ಸೀಮೆಯ ಕೌಂಟರ ಮನೆತನದಲ್ಲಿ ‘ದೋಫಾಂ’ ಎಂಬ ವ್ಯಕ್ತಿನಾಮ ಬಿರುದಾಯಿತು. 1349ರಲ್ಲಿ ಆ ಸೀಮೆ ಫ್ರೆಂಚ್ ಅರಸರ ಕೈಸೇರಿದ ಮೇಲೆ ಅಲ್ಲಿಯ ಯುವರಾಜರ ಬಿರುದಾಗಿ ಮುಂದುವರಿಯಿತು. ಭೈರರಸ ಬಿರುದು ಹಾಗೆ ಬೇರೆ ಮನೆತನಕ್ಕೆ ದಾಟಲಿಲ್ಲ. ಮನೆತನದ ಆಳ್ವಿಕೆ ಮುಗಿದಾಗ ಬಿರುದೂ ಮುಗಿಯಿತು.

ಪಟ್ಟದ ಹೆಸರುಗಳನ್ನು ತಲೆಮಾರಿನಿಂದ ತಲೆಮಾರಿಗೆ ಮರಳಿ ಬಳಸುವ ರೂಢಿ ತುಳುನಾಡಿನ ಇತರ ಅರಸುಮನೆತನಗಳಲ್ಲಿಯೂ ಇತ್ತು. ಬಂಗರಲ್ಲಿ ಲಕ್ಷ್ಮಪ್ಪರಸ ಮತ್ತು ಕಾಮರಾಯ, ಅಜಿಲರಲ್ಲಿ ತಿಮ್ಮಣ್ಣ ಎಂಬ ಹೆಸರುಗಳು ಹೀಗೆ ಮರುಕಳಿಸುತ್ತವೆ. ಕಾರ್ಕಳದಲ್ಲಿ ಭೈರವ ಮತ್ತು ಪಾಂಡ್ಯ ಎಂಬ ಎರಡು ಹೆಸರುಗಳು ಪ್ರಧಾನ. ಹೆಸರು ಒಂದೇ ಆದಾಗ ವ್ಯಕ್ತಿಗಳನ್ನು ಬೇರ್ಪಡಿಸಲು ಹಿರಿಯ, ಇಮ್ಮಡಿ, ಅಭಿನವ, ವೀರ ಎಂಬ ವಿಶೇಷಣಗಳು ಬಳಕೆಗೆ ಬಂದವು. ಒಂದೇ ಹೆಸರಿನ ಹಲವು ಅರಸರಿರುವುದರಿಂದ ವಿದ್ವಾಂಸರು ಸಿದ್ಧಪಡಿಸಿರುವ ವಂಶಾವಳಿಗಳು ಎಲ್ಲ ಕಡೆಯೂ ಒಂದಕ್ಕೊಂದು ಹೊಂದುವುದಿಲ್ಲ. ಕಾರ್ಕಳದ ಜೈನಮಠದ ಭಟ್ಟಾರಕರಲ್ಲಿಯೂ ಇದೇ ಪದ್ಧತಿಯಿದೆ: ಪೀಠಕ್ಕೆ ಬಂದವರೆಲ್ಲರೂ ಲಲಿತಕೀರ್ತಿ ಎಂಬ ಹೆಸರನ್ನೇ ಧರಿಸುತ್ತಾರೆ. ಹೀಗಾಗಿ ಗೊಮ್ಮಟ ಮೂರ್ತಿಯ 1432ರ ಮತ್ತು ಚತುರ್ಮುಖ ಬಸದಿಯ 1586ರ ಶಾಸನಗಳೆರಡರಲ್ಲಿಯೂ ಅರಸನ ಗುರುವಾಗಿ ಕಾಣುವವನು ಲಲಿತಕೀರ್ತಿಯೇ. ಆದರೆ ಅವರು ಬೇರೆಬೇರೆ ವ್ಯಕ್ತಿಗಳು.

ಭೈರರಸರ ಶಾಸನಗಳಲ್ಲಿ ‘ಅರಿರಾಯರ ಗಂಡರ ದಾವಣಿ’ ಎಂಬ ವೀರಬಿರುದು ಬರುತ್ತದೆ. ದಾವಣಿಯೆಂದರೆ ದನಗಳನ್ನು ಸಾಲಾಗಿ ಕಟ್ಟುವ ಹಗ್ಗ. ಎದುರಾಳಿ ರಾಜರ ವೀರರನ್ನು ಕಟ್ಟಿಹಾಕಿದವನು ಎಂಬುದು ತಾತ್ಪರ್ಯ. ಸೋಮವಂಶ ಮತ್ತು ಸಾಂತರರ ಮೂಲಪುರುಷ ಜಿನದತ್ತರಾಯನ ಸಂತತಿ ಎಂದು ಹೇಳಿಕೊಳ್ಳುವುದನ್ನು ಈ ಅರಸರು ಕೊನೆಯವರೆಗೂ ಬಿಡಲಿಲ್ಲ. ರಾಜಧಾನಿ ಬದಲಾದರೂ ಮೂಲದ ಹೊಂಬುಜದ ನೆನಪು ಬಿರುದುಗಳ ಸಾಲಿನಲ್ಲಿ ಉಳಿಯಿತು.

ಉತ್ತರ ಕನ್ನಡದ ನಗಿರೆ–ಗೇರುಸೊಪ್ಪೆಯ ಸಾಳುವ ಮನೆತನದಲ್ಲಿಯೂ ಭೈರವ, ಭೈರಾದೇವಿ ಎಂಬ ಹೆಸರುಗಳಿದ್ದವು. ಕರಿಮೆಣಸಿನ ರಾಣಿಯೆಂದು ಹೆಸರಾದ ಚೆನ್ನಭೈರಾದೇವಿ ಆ ಮನೆತನಕ್ಕೆ ಸೇರಿದವಳು. ಕಳಸ–ಕಾರ್ಕಳದ ಭೈರರಸರು ಬೇರೆ.

ಸಾಂತರ ಮೂಲ

ಸಾಂತರರ ಮೂಲನೆಲೆ ಶಿವಮೊಗ್ಗ ಜಿಲ್ಲೆಯ ಹೊಸನಗರ ತಾಲ್ಲೂಕಿನ ಹೊಂಬುಜ ಅಥವಾ ಹುಂಚ. ಶಾಸನಗಳಲ್ಲಿ ಇದು ಪೊಂಬುರ್ಚ, ಪಟ್ಟಿ ಪೊಂಬುರ್ಚ. ಅವರು ಆಳಿದ ನಾಡು ಸಾಂತಳಿಗೆ ಸಾಸಿರ. ಮನೆತನದ ಮೂಲಪುರುಷನೆಂದು ಹೇಳುವ ಜಿನದತ್ತರಾಯನ ಕಥೆ ಉತ್ತರ ಮಧುರೆಯಿಂದ ಆರಂಭವಾಗುತ್ತದೆ. ದಾರಿತಪ್ಪಿದ ತಂದೆಯಿಂದ ಜೀವ ಉಳಿಸಿಕೊಳ್ಳಲು ಅವನು ಪದ್ಮಾವತಿದೇವಿಯ ಚಿನ್ನದ ಪ್ರತಿಮೆಯೊಂದಿಗೆ ಕುದುರೆಯೇರಿ ದಕ್ಷಿಣಕ್ಕೆ ಬಂದ. ಲೊಕ್ಕಿಮರದ ನೆರಳಿನಲ್ಲಿ ತಂಗಿದಾಗ ದೇವಿ ಅಲ್ಲಿಯೇ ನೆಲೆನಿಂತಳು. ಪ್ರತಿಮೆಗೆ ಮುಟ್ಟಿಸಿದ ಕಬ್ಬಿಣ ಹೊನ್ನಾಯಿತು ಎಂಬುದು ಐತಿಹ್ಯ. ಹುಂಚದ ಪದ್ಮಾವತಿ ಇಂದಿಗೂ ಜೈನರ ಮುಖ್ಯ ಆರಾಧ್ಯದೇವತೆ. ‘ಪದ್ಮಾವತೀಲಬ್ಧವರಪ್ರಸಾದ’, ‘ಉತ್ತರ ಮಧುರಾಧೀಶ್ವರ’, ‘ಪಟ್ಟಿ ಪೊಂಬುರ್ಚ ಪುರವರೇಶ್ವರ’, ‘ಮಹೋಗ್ರವಂಶಲಲಾಮ’ ಎಂಬ ಸಾಂತರ ಬಿರುದುಗಳು ಈ ಕಥೆಯ ನೆಲೆಯಲ್ಲಿ ನಿಂತಿವೆ. ವಾನರ ಅವರ ಧ್ವಜದ ಲಾಂಛನ.

ಇತಿಹಾಸದ ದೃಷ್ಟಿಯಿಂದ ಮುಖ್ಯನಾದ ಆರಂಭದ ಅರಸ ವಿಕ್ರಮ ಸಾಂತರ. ಅವನು 897ರಲ್ಲಿ ಮೌನಿ ಸಿದ್ಧಾಂತ ಭಟ್ಟಾರಕರಿಗಾಗಿ ಹುಂಚದಲ್ಲಿ ಬಸದಿ ಕಟ್ಟಿಸಿದ. 11ನೆಯ ಶತಮಾನದಲ್ಲಿ ಕಲ್ಯಾಣ ಚಾಲುಕ್ಯರ ಅಧೀನದಲ್ಲಿ ಸಾಂತರರು ಮಹಾಮಂಡಲೇಶ್ವರರಾದರು. ‘ಸಮಧಿಗತ ಪಂಚಮಹಾಶಬ್ದ’ ಎಂಬ ವಿಶೇಷಣ ಅವರ ಸ್ಥಾನವನ್ನು ಸೂಚಿಸುತ್ತದೆ: ಶೃಂಗ, ತಮ್ಮಟ, ಶಂಖ, ಭೇರಿ, ಜಯಘಂಟೆ ಎಂಬ ಐದು ವಾದ್ಯಗಳನ್ನು ನುಡಿಸಿಕೊಳ್ಳುವ ಹಕ್ಕು ಸಾರ್ವಭೌಮನಿಂದ ಮನ್ನಣೆ ಪಡೆದ ಸಾಮಂತನಿಗೆ ಮಾತ್ರ ಸಲ್ಲುತ್ತಿತ್ತು. ವೀರ ಸಾಂತರನ ಕಾಲದಲ್ಲಿ, 1062ರಲ್ಲಿ, ಪಟ್ಟಣಸ್ವಾಮಿ ನೊಕ್ಕಯ್ಯ ಸೆಟ್ಟಿ ಹುಂಚದಲ್ಲಿ ಜಿನಾಲಯ ಕಟ್ಟಿಸಿದ. ಊರಿನ ವರ್ತಕಪ್ರಮುಖನಿಗೆ ಜಿನಾಲಯ ಕಟ್ಟಿಸುವಷ್ಟು ಸಂಪತ್ತು ಆಗ ಇದ್ದಿತು.

1077ರಲ್ಲಿ ಚಟ್ಟಲದೇವಿ ಹುಂಚದಲ್ಲಿ ಉರ್ವೀತಿಲಕವೆಂದು ಹೆಸರಾದ ಪಂಚಕೂಟ ಬಸದಿಯನ್ನು ಕಟ್ಟಿಸಿದಳು. ಅವಳ ತಂಗಿ ಬೀರದೇವಿ ಸಾಂತರ ಅರಸನ ರಾಣಿ. ತಂಗಿ ತೀರಿಹೋದ ಮೇಲೆ ಅವಳ ನಾಲ್ವರು ಮಕ್ಕಳಾದ ತೈಲ, ಗೊಗ್ಗಿಗ, ಒಡ್ಡುಗ ಮತ್ತು ಬರ್ಮರನ್ನು ಚಟ್ಟಲದೇವಿಯೇ ಸಾಕಿ ಬೆಳೆಸಿದಳು. ತೈಲನಿಗೆ ಭುಜಬಲ ಸಾಂತರ, ಗೊಗ್ಗಿಗನಿಗೆ ನನ್ನಿ ಸಾಂತರ, ಒಡ್ಡುಗನಿಗೆ ವಿಕ್ರಮ ಸಾಂತರ ಎಂಬ ಬಿರುದಿನ ಹೆಸರುಗಳಿದ್ದವು. ಈ ಹಂತದಲ್ಲಿ ‘ಸಾಂತರ’ ಎಂಬುದೇ ಪಟ್ಟದ ಗುರುತು. ಅದರ ಹಿಂದೆ ಬರುವ ಪದ ವ್ಯಕ್ತಿಯಿಂದ ವ್ಯಕ್ತಿಗೆ ಬದಲಾಗುತ್ತಿತ್ತು. ಮುಂದೆ ಕಳಸ–ಕಾರ್ಕಳದಲ್ಲಿ ಇದು ತಿರುಗುಮುರುಗಾಗಿ, ವ್ಯಕ್ತಿನಾಮವಾಗಿದ್ದ ಭೈರವ ಪಟ್ಟದ ಗುರುತಾಯಿತು. ‘ಸಾಂತರ’ ವಂಶದ ನೆನಪಾಗಿ ಹಿಂದೆ ಸರಿಯಿತು.

ಹುಂಚದಿಂದ ಕಳಸಕ್ಕೆ

12ನೆಯ ಶತಮಾನದಲ್ಲಿ ಹೊಯ್ಸಳರು ಮಲೆನಾಡಿನಲ್ಲಿ ಪ್ರಬಲರಾದಂತೆ ಸಾಂತರರ ಬಲ ಹರಡಿ ಚೆದುರಿತು. ಒಂದು ಶಾಖೆ ಸಾಗರದ ಬಳಿಯ ಹೊಸಗುಂದದಲ್ಲಿ ನೆಲೆಸಿತು. ಇನ್ನೊಂದು ತೆಂಕಣಕ್ಕೆ ಸರಿದು, ಘಟ್ಟದ ಬುಡದ ಶಿಶಿಲ ಮತ್ತು ಘಟ್ಟದ ಮೇಲಿನ ಕಳಸಗಳನ್ನು ನೆಲೆಯಾಗಿಸಿಕೊಂಡಿತು. ಆಮೇಲೆ ಈ ಶಾಖೆಯ ನಾಡಿಗೆ ಕಳಸರಾಜ್ಯ ಎಂಬ ಹೆಸರು ಬಂತು.

ಕಳಸ ನೆಲೆಯಾಗಿರುವುದು ಭದ್ರಾನದಿಯ ದಂಡೆಯಲ್ಲಿ. ಸುತ್ತಲೂ ಬೆಟ್ಟಗಳು, ನೈಋತ್ಯಕ್ಕೆ 1,894 ಮೀಟರ್ ಎತ್ತರದ ಕುದುರೆಮುಖ ಶಿಖರ. ತುಂಗಾ, ಭದ್ರಾ, ನೇತ್ರಾವತಿಗಳು ಹುಟ್ಟುವ ಗಂಗಾಮೂಲವೂ ಇದೇ ಬೆಟ್ಟಸಾಲಿನಲ್ಲಿದೆ. ಶತ್ರುಸೇನೆ ಸುಲಭವಾಗಿ ಏರಿಬರಲಾಗದ ಜಾಗವಿದು. ಆದರೆ ಕಾಡು, ಮಳೆ ಮತ್ತು ಕಡಿದಾದ ಇಳಿಜಾರಿನಿಂದಾಗಿ ದೊಡ್ಡ ರಾಜ್ಯಕ್ಕೆ ಬೇಕಾದ ಭತ್ತ ಇಲ್ಲಿ ಹೇರಳವಾಗಿ ಬೆಳೆಯುವಂತಿರಲಿಲ್ಲ. ಕೆಳಗಿನ ಬಯಲುಗಳಲ್ಲಿ ಅಕ್ಕಿಯೂ ಕರಾವಳಿಯ ಬಂದರುಗಳೂ ಇದ್ದವು. ಮೇಲಿನ ಕಣಿವೆಗಳಲ್ಲಿ ಮೆಣಸು ಮತ್ತು ಅಡಕೆ ಇದ್ದವು. ಘಟ್ಟದ ದಾರಿಗಳನ್ನು ಹಿಡಿದವನಿಗೆ ಎರಡು ಕಡೆಯ ಲಾಭವೂ ದಕ್ಕುತ್ತಿತ್ತು. ಇಂದು ಈ ಬೆಟ್ಟಗಳ ಗುರುತಾಗಿರುವ ಕಾಫಿತೋಟಗಳು ಭೈರರಸರ ಕಾಲದಲ್ಲಿ ಇರಲಿಲ್ಲ; ಅವು ಹಬ್ಬಿದ್ದು 19ನೆಯ ಶತಮಾನದಲ್ಲಿ.

13ನೆಯ ಶತಮಾನದ ಕಳಸದ ಶಾಸನಗಳಲ್ಲಿ ಇಬ್ಬರು ಆಳುವ ರಾಣಿಯರು ಕಾಣಿಸಿಕೊಳ್ಳುತ್ತಾರೆ: ಜಾಕಲ ಮಹಾದೇವಿ ಮತ್ತು ಕಾಳಲ ಮಹಾದೇವಿ. ಶತಮಾನದ ನಡುವಿನಿಂದ 1280ರ ಸುಮಾರಿನವರೆಗೆ ಕಳಸದ ಆಡಳಿತ ಇವರ ಕೈಯಲ್ಲಿತ್ತು. ಭೈರರಸ ಎಂಬ ಬಿರುದು ನೆಲೆಗೊಳ್ಳುವ ಮೊದಲೇ ಕಳಸದ ಗದ್ದುಗೆಯಲ್ಲಿ ಹೆಂಗಸರು ಕೂತಿದ್ದರು. ಈ ಮನೆತನದಲ್ಲಿ ಹೆಣ್ಣುಸಂತತಿಗೆ ಮುಂದೆ ದೊರೆತ ಪ್ರಾಧಾನ್ಯವನ್ನು ಅರಿಯಲು ಈ ರಾಣಿಯರ ಆಳ್ವಿಕೆಯನ್ನು ಮರೆಯುವಂತಿಲ್ಲ.

ಕಾರ್ಕಳದ ಏಳಿಗೆ

ಘಟ್ಟದ ಕೆಳಗೆ ಕೆರ್ವಾಶೆ ಮತ್ತು ಕಾರ್ಕಳಗಳು ಮನೆತನದ ನೆಲೆಗಳಾದವು. ಕಾರ್ಕಳದ ಹಿರಿಯಂಗಡಿಯ ಶಾಂತಿನಾಥ ಬಸದಿಯ 1334ರ ಶಾಸನ ಲೋಕನಾಥರಸನ ಕಾಲದ್ದು. ಬಸದಿಯ ನಿರ್ಮಾಣ ಮತ್ತು ದತ್ತಿಯಲ್ಲಿ ಅರಸನ ಸೋದರಿಯರಾದ ಬೊಮ್ಮಲದೇವಿ, ಸೋಮಲದೇವಿಯರ ಹೆಸರುಗಳೂ ಸೇರಿವೆ. ಹಿರಿಯಂಗಡಿ ಆಗ ವರ್ತಕರ ಪೇಟೆ. ಅಲ್ಲಿಯ ಬಸದಿಗಳ ಸಾಲೂ ಎತ್ತರದ ಮಾನಸ್ತಂಭವೂ ಆ ಕಾಲದ ಸಿರಿಯನ್ನು ಹೇಳುತ್ತವೆ.

ಬಿರುದಿನ ಇತಿಹಾಸದಲ್ಲಿ ಅತಿ ಪ್ರಸಿದ್ಧ ವರ್ಷ 1432. ಭೈರವೇಂದ್ರನ ಮಗ ವೀರಪಾಂಡ್ಯ ಆ ವರ್ಷದ ಫೆಬ್ರವರಿ 13ರಂದು, ಅಂದರೆ ಶಕ 1353ರ ವಿರೋಧಿಕೃತ್ ಸಂವತ್ಸರದ ಫಾಲ್ಗುಣ ಶುದ್ಧ ದ್ವಾದಶಿಯಂದು, ಕಾರ್ಕಳದ ಬೆಟ್ಟದ ಮೇಲೆ ಗೊಮ್ಮಟೇಶ್ವರನ ಮೂರ್ತಿಯನ್ನು ಪ್ರತಿಷ್ಠಾಪಿಸಿದ. ಪ್ರೇರಣೆ ನೀಡಿದವರು ಪನಸೋಗೆಯ ಗುರುಪರಂಪರೆಯ ಲಲಿತಕೀರ್ತಿ ಮಲಧಾರಿದೇವರು. ಮೂರ್ತಿಯ ಎತ್ತರ ಸುಮಾರು 42 ಅಡಿ. ಶ್ರವಣಬೆಳಗೊಳದ ಗೊಮ್ಮಟ ಬೆಟ್ಟದ ತುದಿಯ ಬಂಡೆಯಲ್ಲಿ ನಿಂತಲ್ಲಿಯೇ ಕಡೆದ ಮೂರ್ತಿ. ಕಾರ್ಕಳದ್ದನ್ನು ಬೇರೆಡೆ ಕಡೆದು, ಬೋಳುಬಂಡೆಯ ಬೆಟ್ಟದ ಇಳಿಜಾರಿನಲ್ಲಿ ಮೇಲೆಳೆದು ತಂದು ನಿಲ್ಲಿಸಲಾಯಿತು. ಸುಮಾರು 80 ಟನ್ ತೂಕವೆಂದು ಅಂದಾಜಿಸಲಾದ ಏಕಶಿಲೆಯನ್ನು ಗಾಲಿಬಂಡಿಯ ಮೇಲೇರಿಸಿ ಜನಬಲದಿಂದ ಸಾಗಿಸಿದ ಬಗೆಯನ್ನು ಮುಂದೆ 17ನೆಯ ಶತಮಾನದ ಕವಿ ಚಂದ್ರಮ ತನ್ನ ಸಾಂಗತ್ಯ ಕೃತಿಯಲ್ಲಿ ವರ್ಣಿಸಿದ. ಮೂರ್ತಿಯ ಪಕ್ಕದಲ್ಲಿಯೇ ಪ್ರತಿಷ್ಠೆಯ ವಿವರವುಳ್ಳ ಶಾಸನಗಳಿವೆ. ನಾಲ್ಕು ವರ್ಷಗಳ ಬಳಿಕ, 1436ರಲ್ಲಿ, ಅದೇ ವೀರಪಾಂಡ್ಯ ಮೂರ್ತಿಯ ಎದುರಿಗೆ ಬ್ರಹ್ಮದೇವ ಸ್ತಂಭವನ್ನು ನಿಲ್ಲಿಸಿದ.

ಆ ಕಾಲದ ರಾಜಕೀಯದಲ್ಲಿ ಈ ಪ್ರತಿಷ್ಠೆಗೆ ಧರ್ಮಕಾರ್ಯವನ್ನು ಮೀರಿದ ಅರ್ಥವಿತ್ತು. ಮೂಡುಬಿದಿರೆ–ಪುತ್ತಿಗೆಯ ಚೌಟರು, ಬಂಗವಾಡಿಯ ಬಂಗರು, ವೇಣೂರಿನ ಅಜಿಲರು, ಮೂಲ್ಕಿಯ ಸಾವಂತರು ಮುಂತಾದ ಜೈನ ಅರಸುಮನೆತನಗಳು ತುಳುನಾಡನ್ನು ಹಂಚಿಕೊಂಡಿದ್ದವು. ಮೂಡುಬಿದಿರೆಯ ಸಾವಿರ ಕಂಬದ ಬಸದಿ ಎದ್ದು ನಿಂತದ್ದೂ ಇದೇ ಸುಮಾರಿಗೆ, 1430ರಲ್ಲಿ. ತೆಂಕಣದಲ್ಲಿ ಶ್ರವಣಬೆಳಗೊಳವನ್ನು ಬಿಟ್ಟರೆ ಅಷ್ಟು ದೊಡ್ಡ ಗೊಮ್ಮಟ ಆಗ ಬೇರೆಲ್ಲಿಯೂ ಇರಲಿಲ್ಲವಾದ್ದರಿಂದ ಕಾರ್ಕಳದ ಅರಸರ ಹೆಸರು ನೆರೆಯವರ ಹೆಸರನ್ನು ಮೀರಿ ನಿಂತಿತು.

ವಿಜಯನಗರದ ನೆರಳಿನಲ್ಲಿ

14ನೆಯ ಶತಮಾನದ ನಡುಭಾಗದಿಂದ ಕರಾವಳಿ ವಿಜಯನಗರದ ಆಳ್ವಿಕೆಗೆ ಬಂತು. ಬಾರಕೂರು ಮತ್ತು ಮಂಗಳೂರು ರಾಜ್ಯಗಳಿಗೆ ಚಕ್ರವರ್ತಿಯ ಅಧಿಕಾರಿಗಳು ನೇಮಕವಾಗುತ್ತಿದ್ದರು. ಸ್ಥಳೀಯ ಅರಸುಮನೆತನಗಳು ಅವರ ಕೆಳಗೆ ತಮ್ಮ ಸೀಮೆಗಳನ್ನು ಆಳುತ್ತಿದ್ದವು. ವಿಜಯನಗರದ ಅರಸರು ಜೈನಕ್ಷೇತ್ರಗಳಿಗೆ ನೇರವಾಗಿಯೂ ದಾನ ಕೊಡುತ್ತಿದ್ದರು. 1424ರಲ್ಲಿ ವರಂಗ ಗ್ರಾಮ ಅಲ್ಲಿಯ ನೇಮಿನಾಥ ಬಸದಿಗೆ ದೇವರಾಯನಿಂದ ದತ್ತಿಯಾಗಿ ಬಂತು. ವರಂಗ ಕಾರ್ಕಳದ ಸೀಮೆಗೇ ಸೇರಿದ ಊರು. ಒಂದೇ ನೆಲದ ಮೇಲೆ ಚಕ್ರವರ್ತಿಯ ಅಧಿಕಾರವೂ ಭೈರರಸರ ಅಧಿಕಾರವೂ ಹೇಗೆ ಒಟ್ಟಿಗೆ ನಡೆಯುತ್ತಿದ್ದವು ಎಂಬುದು ಇದರಿಂದ ತಿಳಿಯುತ್ತದೆ.

ಈ ಸಂಬಂಧದಲ್ಲಿದ್ದ ಅಳುಕನ್ನು ಕಳಸದ 1516ರ ಶಾಸನ ಬಿಚ್ಚಿಡುತ್ತದೆ. ಕೃಷ್ಣದೇವರಾಯನ ಸೇನೆ ತುಳುರಾಜ್ಯದ ಮೇಲೆ ಬಂದು ಮಂಗಳೂರಿನಲ್ಲಿ ಬೀಡುಬಿಟ್ಟಾಗ ಭೈರರಸನಿಗೆ ತನ್ನ ನೆಲೆಯೇ ಕೈತಪ್ಪುವ ಭಯ ಹುಟ್ಟಿತು. ಸೇನೆ ಹಿಂದಿರುಗಿ ತನ್ನ ರಾಜ್ಯ ತನಗೆ ಉಳಿದರೆ ಸೇವೆ ಮಾಡಿಸುವೆನೆಂದು ಅವನು ಕಳಸನಾಥನಿಗೆ ಹರಕೆ ಹೊತ್ತ. ಆಪತ್ತು ಕಳೆದ ಮೇಲೆ ಹರಕೆಯ ವಿಷಯ ಕಲ್ಲಿನ ಮೇಲೆ ದಾಖಲಾಯಿತು. ಸಾಮಾನ್ಯವಾಗಿ ಅರಸರ ಶಾಸನಗಳಲ್ಲಿ ಗೆಲುವಿನ ಮಾತೇ ಹೆಚ್ಚು. ‘ಅರಿರಾಯರ ಗಂಡರ ದಾವಣಿ’ ಎಂದು ಕರೆಸಿಕೊಳ್ಳುತ್ತಿದ್ದ ಅರಸನೊಬ್ಬ ತನ್ನ ಹೆದರಿಕೆಯನ್ನು ಹೀಗೆ ಬರೆಸಿದ್ದು ಅಪರೂಪ. ಅಪಾಯದ ಹೊತ್ತಿನಲ್ಲಿ ಈ ಜೈನ ಅರಸ ಮೊರೆಹೊಕ್ಕದ್ದು ಶಿವನಿಗೆ, ಅದೂ ಘಟ್ಟದ ಮೇಲಿನ ಹಳೆಯ ರಾಜಧಾನಿಯ ದೇವರಿಗೆ. ಕಾರ್ಕಳ ವೈಭವದ ನೆಲೆಯಾಗಿದ್ದರೂ ಕಳಸ ಆಸರೆಯ ನೆಲೆಯಾಗಿ ಉಳಿದಿತ್ತು.

ಉತ್ತರಾಧಿಕಾರ ಮತ್ತು ಅರಸುಮನೆಯ ಹೆಂಗಸರು

ಹುಂಚದ ಸಾಂತರರಲ್ಲಿ ಪಟ್ಟ ತಂದೆಯಿಂದ ಮಗನಿಗೆ ಹೋಗುತ್ತಿತ್ತು. ತುಳುನಾಡಿನ ರೂಢಿ ಅಳಿಯಸಂತಾನ: ಆಸ್ತಿ ಮತ್ತು ಅಧಿಕಾರ ಸೋದರಿಯ ಮಗನಿಗೆ ಸಲ್ಲಬೇಕು. ಈ ಕಟ್ಟಳೆಯನ್ನು ಭೂತಾಳಪಾಂಡ್ಯನೆಂಬ ಅರಸ ವಿಧಿಸಿದನೆಂಬ ಕಥೆ ತುಳುನಾಡಿನಲ್ಲಿ ಮನೆಮಾತು. ಕರಾವಳಿಯಲ್ಲಿ ನೆಲೆಯೂರಿದ ಮೇಲೆ ಸಾಂತರ ಶಾಖೆಯೂ ಈ ಪದ್ಧತಿಯನ್ನು ಅನುಸರಿಸಿತು. ಬದಲಾವಣೆ ಒಮ್ಮೆಲೇ ಆದದ್ದಲ್ಲ. 1432ರ ಶಾಸನದಲ್ಲಿ ವೀರಪಾಂಡ್ಯ ಭೈರವೇಂದ್ರನ ಮಗನೆಂದು ಹೇಳಿಕೊಳ್ಳುತ್ತಾನೆ. 1586ರ ಶಾಸನದಲ್ಲಿ ಇಮ್ಮಡಿ ಭೈರವ ಹಿಂದಿನ ಭೈರವನ ಸೋದರಳಿಯ. ತಾಯಿ ಗುಮ್ಮಟಾಂಬೆ, ತಂದೆ ಬಂಗ ಮನೆತನದ ವೀರನರಸಿಂಹ. ಅಂದರೆ ತಂದೆಯ ಕಡೆಯಿಂದ ಅವನು ಬಂಗರವನು, ತಾಯಿಯ ಕಡೆಯಿಂದ ಕಾರ್ಕಳದವನು. ಭೈರರಸನಾದದ್ದು ತಾಯಿಯ ಹಕ್ಕಿನಿಂದ. ನೆರೆಯ ಅರಸುಮನೆಗಳ ನಡುವಣ ಮದುವೆಗಳು ಸಂಬಂಧವನ್ನು ಬೆಸೆಯುತ್ತಿದ್ದರೂ, ರಾಜ್ಯ ಮಾತ್ರ ಹೆಣ್ಣಿನ ತವರಿನಲ್ಲಿಯೇ ಉಳಿಯುವಂತೆ ಈ ಪದ್ಧತಿ ನೋಡಿಕೊಂಡಿತು.

ಅರಸನ ಸೋದರಿಯರಿಗೆ ಆಡಳಿತದಲ್ಲಿಯೂ ಪಾಲಿತ್ತು. ವೀರ ಭೈರರಸನ ತಂಗಿ ಕಾಳಲದೇವಿ 1530ರಲ್ಲಿ ಈಗಿನ ಕೊಪ್ಪ ತಾಲ್ಲೂಕಿಗೆ ಸೇರಿದ ಬಗ್ಗುಂಜಿ ಸೀಮೆಯನ್ನು ಆಳುತ್ತಿದ್ದಳು. ಅವಳು ಅಲ್ಲಿಯ ಕಲ್ಲುಬಸದಿಯ ಪಾರ್ಶ್ವ ತೀರ್ಥಂಕರನಿಗೆ ಭೂಮಿಯನ್ನು ಬಿಟ್ಟುಕೊಟ್ಟದ್ದು ತೀರಿಹೋದ ತನ್ನ ಮಗಳು ರಾಮಾದೇವಿಯ ಹೆಸರಿನಲ್ಲಿ. ಅಳಿಯಸಂತಾನದ ಮನೆಯಲ್ಲಿ ಮಗಳ ಸಾವು ತಾಯಿಯ ದುಃಖವಷ್ಟೇ ಆಗಿರಲಿಲ್ಲ. ವಂಶದ ಕುಡಿಯೇ ಕಡಿದಂತಾಗುತ್ತಿತ್ತು. 13ನೆಯ ಶತಮಾನದ ಜಾಕಲ, ಕಾಳಲ ಮಹಾದೇವಿಯರಿಂದ 16ನೆಯ ಶತಮಾನದ ಕಾಳಲದೇವಿ ಮತ್ತು ಗುಮ್ಮಟಾಂಬೆಯವರೆಗೆ ಹೆಂಗಸರ ಹೆಸರುಗಳು ಶಾಸನಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ಗಂಡಸರ ಬಿರುದಾಗಿ ಕಾಣುವ ‘ಭೈರರಸ’ ಒಂದು ತಲೆಮಾರಿನಿಂದ ಇನ್ನೊಂದಕ್ಕೆ ದಾಟಿದ್ದು ಈ ಹೆಂಗಸರ ಮೂಲಕ.

ಇಮ್ಮಡಿ ಭೈರವ ಮತ್ತು ಚತುರ್ಮುಖ ಬಸದಿ

1565ರ ರಕ್ಕಸತಂಗಡಿ ಕದನದ ಬಳಿಕ ವಿಜಯನಗರದ ಹಿಡಿತ ಸಡಿಲವಾಯಿತು. ಆ ಕಾಲದಲ್ಲಿ ಕಾರ್ಕಳದ ಪಟ್ಟದಲ್ಲಿದ್ದ ಇಮ್ಮಡಿ ಭೈರವ ಶಕ 1508ರ ವ್ಯಯ ಸಂವತ್ಸರದಲ್ಲಿ, 1586ರಲ್ಲಿ, ಚತುರ್ಮುಖ ಬಸದಿಯನ್ನು ಕಟ್ಟಿಸಿದ. ಶಾಸನ ಇದನ್ನು ‘ತ್ರಿಭುವನತಿಲಕ ಜಿನಚೈತ್ಯಾಲಯ’ ಎಂದು ಕರೆಯುತ್ತದೆ. ಗೊಮ್ಮಟ ಬೆಟ್ಟಕ್ಕೆ ಎದುರಾಗಿರುವ ತಗ್ಗುಗುಡ್ಡದ ಮೇಲೆ ಪೂರ್ತಿ ಕಲ್ಲಿನಲ್ಲಿ ಕಟ್ಟಿದ ಈ ಬಸದಿಗೆ ನಾಲ್ಕು ದಿಕ್ಕಿಗೂ ಒಂದೇ ಬಗೆಯ ಬಾಗಿಲು. ಯಾವ ಬಾಗಿಲಿನಿಂದ ಒಳಹೊಕ್ಕರೂ ಅರ, ಮಲ್ಲಿ, ಮುನಿಸುವ್ರತ ತೀರ್ಥಂಕರರ ಮೂರು ನಿಂತ ಮೂರ್ತಿಗಳು ಎದುರಾಗುತ್ತವೆ, ಒಟ್ಟು ಹನ್ನೆರಡು. ಪಶ್ಚಿಮದ ಕಡೆ ಇಪ್ಪತ್ತನಾಲ್ಕು ತೀರ್ಥಂಕರರ ಚಿಕ್ಕ ಬಿಂಬಗಳಿವೆ. ಒಳಹೊರಗೆ ಸೇರಿ 108 ಕಂಬಗಳು ಮೇಲ್ಛಾವಣಿಯ ದಪ್ಪ ಕಲ್ಲುಚಪ್ಪಡಿಗಳನ್ನು ಹೊತ್ತಿವೆ. ಸುತ್ತಲ ಜಗಲಿಯ ಇಳಿಜಾರು ಚಪ್ಪಡಿಗಳು ಕರಾವಳಿಯ ಬಿರುಮಳೆಯನ್ನು ಗೋಡೆಗೆ ತಾಗದಂತೆ ಹೊರಕ್ಕೆ ಹರಿಸುತ್ತವೆ.

ಪೂಜೆ ನಿಲ್ಲದೆ ನಡೆಯಲೆಂದು ಅರಸ ತೆಳ್ಳಾರು ಗ್ರಾಮದ ಅಕ್ಕಿಯ ಹುಟ್ಟುವಳಿಯನ್ನು ಬಸದಿಗೆ ಬಿಟ್ಟ. ರೆಂಜಾಳ ಮತ್ತು ನಲ್ಲೂರುಗಳಿಂದ ಬರುವ ಸಿದ್ಧಾಯದ ಹೊನ್ನನ್ನೂ ಸೇರಿಸಿದ. ಅಕ್ಕಿಯನ್ನು ಮುಡಿಯ ಲೆಕ್ಕದಲ್ಲಿ, ಹಣವನ್ನು ಗದ್ಯಾಣದ ಲೆಕ್ಕದಲ್ಲಿ ನಮೂದಿಸಿ, ಯಾವ ದಿಕ್ಕಿನ ದೇವರಿಗೆ ಎಷ್ಟು, ಪೂಜೆಯವರಿಗೆ ಎಷ್ಟು ಎಂದು ಹಂಚಿಕೊಡಲಾಗಿದೆ. ಇಂಥ ವಿವರಗಳು 16ನೆಯ ಶತಮಾನದ ತುಳುನಾಡಿನ ಗ್ರಾಮಾದಾಯದ ಬಗೆಯನ್ನು ಅರಿಯಲು ನೆರವಾಗುತ್ತವೆ. ಅರಸನ ಅಧಿಕಾರ ಘಟ್ಟದ ಮೇಲೂ ಮುಂದುವರಿದಿತ್ತು. ಕೊಪ್ಪದ 1598ರ ಶಾಸನದಲ್ಲಿ ಭೈರರಸನ ಹೆಸರಿದೆ.

ಬಸದಿಯ ಹುಟ್ಟಿನ ಬಗ್ಗೆ ಕಾರ್ಕಳದಲ್ಲಿ ಒಂದು ಐತಿಹ್ಯವಿದೆ. ಶೃಂಗೇರಿಯ ಗುರು ನರಸಿಂಹಭಾರತಿಗಳು ಊರಿಗೆ ಬಂದಾಗ ಅಲ್ಲಿ ತಮ್ಮ ಆರಾಧನೆಗೆ ದೇವಾಲಯವಿಲ್ಲವೆಂದು ಹೇಳಿದರು. ಅರಸ ಹೊಸದಾಗಿ ಕಟ್ಟುತ್ತಿದ್ದ ಬಸದಿಯಲ್ಲಿ ಶೇಷಶಾಯಿ ಅನಂತನನ್ನು ಪ್ರತಿಷ್ಠಾಪಿಸಲು ಒಪ್ಪಿದ. ನೊಂದ ಜೈನಗುರುವಿಗೆ ಅದಕ್ಕಿಂತ ಮಿಗಿಲಾದ ಬಸದಿ ಕಟ್ಟಿಸುವೆನೆಂದು ಮಾತುಕೊಟ್ಟು ಚತುರ್ಮುಖವನ್ನು ಕಟ್ಟಿಸಿದ ಎಂಬುದು ಕಥೆ. ಜೈನ ಅರಸನಾಗಿದ್ದೂ ಇತರ ಮತದವರಿಗೆ ನೆಲೆ ಕೊಡಬೇಕಾದ ಹೊಣೆ ಭೈರರಸನಿಗಿತ್ತು ಎಂಬ ತಿಳಿವಳಿಕೆ ಜನರಲ್ಲಿ ಗಟ್ಟಿಯಾಗಿ ಉಳಿದಿದೆ. ಕಳಸದ 1516ರ ಶಾಸನ ಈ ತಿಳಿವಳಿಕೆಗೆ ಆಧಾರವನ್ನೂ ಒದಗಿಸುತ್ತದೆ.

ಆಶ್ರಯ ಮತ್ತು ಸಾಹಿತ್ಯ

ಭೈರರಸರ ಆಶ್ರಯ ಕನ್ನಡ ಸಾಹಿತ್ಯಕ್ಕೂ ದೊರೆಯಿತು. 1439ರಲ್ಲಿ ‘ಜ್ಞಾನಚಂದ್ರಾಭ್ಯುದಯ’ವನ್ನು ಬರೆದ ಕಲ್ಯಾಣಕೀರ್ತಿ ಪಾಂಡ್ಯರಾಯನ ಕಾಲದವನು, ‘ಕಾಮನಕಥೆ’ಯೂ ಅವನದೇ. ‘ಭರತೇಶ ವೈಭವ’ದ ಕವಿ ಮೂಡುಬಿದಿರೆಯ ರತ್ನಾಕರವರ್ಣಿ 16ನೆಯ ಶತಮಾನದ ನಡುಭಾಗದಲ್ಲಿ ಕಾರ್ಕಳದ ಭೈರರಸನ ಆಸ್ಥಾನದಲ್ಲಿದ್ದನೆಂದು ಹೇಳುತ್ತಾರೆ. ಅರಸನ ಮಗಳು ಅವನಿಗೆ ಒಲಿದಳೆಂಬ ಕಥೆಯೂ ಪ್ರಚಾರದಲ್ಲಿದೆ. ಚಂದ್ರಮ ಕವಿಯ ‘ಕಾರ್ಕಳದ ಗೊಮ್ಮಟೇಶ್ವರ ಚರಿತೆ’ 1646ರ ಸುಮಾರಿನ ಕೃತಿ. ಈ ಕವಿಗಳು ಹೆಚ್ಚಾಗಿ ಆರಿಸಿಕೊಂಡದ್ದು ಸಾಂಗತ್ಯ, ಷಟ್ಪದಿಗಳಂಥ ಹಾಡಿಕೊಳ್ಳುವ ದೇಸಿ ಛಂದಸ್ಸುಗಳನ್ನು. ತುಳು ಮನೆಮಾತಾಗಿದ್ದ ಸೀಮೆಯಲ್ಲಿ ಶಾಸನಕ್ಕೂ ಕಾವ್ಯಕ್ಕೂ ಕನ್ನಡವೇ ಬಳಕೆಯಾದದ್ದು ಈ ಅರಸರ ಘಟ್ಟದ ಮೇಲಿನ ಮೂಲಕ್ಕೂ ಸಂಬಂಧಿಸಿದ ಸಂಗತಿ.

ಅವನತಿ

ವಿಜಯನಗರ ಕುಗ್ಗಿದಾಗ ಆ ಜಾಗವನ್ನು ತುಂಬಿದವರು ಕೆಳದಿಯ ನಾಯಕರು. ವೆಂಕಟಪ್ಪ ನಾಯಕ (ಆಳ್ವಿಕೆ 1629ರವರೆಗೆ) ಮತ್ತು ಶಿವಪ್ಪ ನಾಯಕ (1645–1660) ಮಲೆನಾಡಿನಿಂದ ಕರಾವಳಿಗೆ ಇಳಿಯುವ ದಾರಿಗಳನ್ನೂ ಬಂದರುಗಳನ್ನೂ ವಶಪಡಿಸಿಕೊಳ್ಳುತ್ತ ಬಂದರು. ಭೈರರಸರ ಬಲವೆಲ್ಲ ಘಟ್ಟದ ಎರಡೂ ಬದಿಯ ಹಿಡಿತದಲ್ಲಿತ್ತು. ಮೇಲಿನ ಸೀಮೆ ಕೈಬಿಟ್ಟೊಡನೆ ಕಾರ್ಕಳ ತುಳುನಾಡಿನ ಹಲವು ಸಣ್ಣ ಸಂಸ್ಥಾನಗಳಲ್ಲಿ ಒಂದಾಯಿತು. 17ನೆಯ ಶತಮಾನದಲ್ಲಿ ಅವರ ನಾಡು ಕೆಳದಿಗೆ ಸೇರಿತು. 1763ರಲ್ಲಿ ಹೈದರ್ ಅಲಿ ಕೆಳದಿಯವರ ರಾಜಧಾನಿ ಬಿದನೂರನ್ನು ಗೆದ್ದಾಗ ಕಳಸ, ಕಾರ್ಕಳ ಎರಡೂ ಮೈಸೂರಿನ ಕೈಸೇರಿದವು.

1799ರಲ್ಲಿ ಟಿಪ್ಪುಸುಲ್ತಾನ ಮಡಿದ ಮೇಲಿನ ಹಂಚಿಕೆಯಲ್ಲಿ ಘಟ್ಟದ ಕೆಳಗಿನ ಕೆನರಾ ಈಸ್ಟ್ ಇಂಡಿಯಾ ಕಂಪೆನಿಗೂ, ಮೇಲಿನ ಕಳಸ ಮೈಸೂರಿನ ಒಡೆಯರಿಗೂ ಹೋಯಿತು. ಭೈರರಸರು ಕೂಡಿಸಿ ಆಳಿದ ಎರಡು ನೆಲೆಗಳ ನಡುವೆ ಹೀಗೆ ಆಡಳಿತದ ಗಡಿ ಬಿತ್ತು. ಅದು ಅಳಿದದ್ದು 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ. ಕಳಸ, ಶೃಂಗೇರಿ ಮತ್ತು ಕಾರ್ಕಳದ ದಾರಿಗಳು ಕೂಡುವ ಘಟ್ಟದ ತುದಿಯನ್ನು ಜನ ಈಗಲೂ ‘ಎಸ್.ಕೆ. ಬಾರ್ಡರ್’ ಎಂದೇ ಕರೆಯುತ್ತಾರೆ. ಹಳೆಯ ಸೌತ್ ಕೆನರಾ ಜಿಲ್ಲೆಯ ಗಡಿಯ ಗುರುತದು.

ಜನಪದದಲ್ಲಿ ಭೈರರಸ

ತುಳು ಪಾಡ್ದನಗಳಲ್ಲಿ ಭೈರರಸನ ಚಿತ್ರ ಶಾಸನಗಳಿಗಿಂತ ಬೇರೆಯದು. ಕಾರ್ಕಳದ ಗೊಮ್ಮಟನನ್ನು ಕಡೆದ ಶಿಲ್ಪಿ ವೀರ ಕಲ್ಕುಡ ಇಂಥ ಮೂರ್ತಿಯನ್ನು ಇನ್ನೆಲ್ಲಿಯೂ ಮಾಡಬಾರದೆಂದು ಅರಸ ಅವನ ಒಂದು ಕೈ, ಒಂದು ಕಾಲನ್ನು ಕಡಿಸಿದ. ಕಲ್ಕುಡ ವೇಣೂರಿಗೆ ಹೋಗಿ ಉಳಿದ ಒಂದೇ ಕೈಯಿಂದ ತಿಮ್ಮಣ್ಣ ಅಜಿಲನಿಗೆ ಗೊಮ್ಮಟನನ್ನು ಕಡೆದುಕೊಟ್ಟ. ಬಳಿಕ ತಂಗಿ ಕಲ್ಲುರ್ಟಿಯೊಂದಿಗೆ ದೈವವಾಗಿ ಕಾರ್ಕಳದ ಅರಸನನ್ನು ಕಾಡಿದ ಎಂದು ಪಾಡ್ದನ ಹೇಳುತ್ತದೆ. ಕಾರ್ಕಳದ ಮೂರ್ತಿ 1432ರದು, ವೇಣೂರಿನದು 1604ರದು. ನಡುವೆ 172 ವರ್ಷಗಳ ಅಂತರವಿರುವುದರಿಂದ ಒಬ್ಬನೇ ಶಿಲ್ಪಿ ಎರಡನ್ನೂ ಕಡೆದಿರುವುದು ಸಾಧ್ಯವಿಲ್ಲ. ಆದರೂ ಕಲ್ಕುಡ–ಕಲ್ಲುರ್ಟಿ ದೈವಗಳ ಆರಾಧನೆ ಜೀವಂತವಾಗಿದೆ. ಶಾಸನ ಕಟ್ಟಿಸಿದವನ ಹೆಸರನ್ನು ಕಾಪಾಡಿತು. ಕೆತ್ತಿದವನ ನೋವನ್ನು ಕಾಪಾಡಿದ್ದು ಪಾಡ್ದನ. ಭೈರರಸರ ಇತಿಹಾಸ ಬರೆಯುವವರಿಗೆ ಎರಡೂ ಬೇಕು.

ಆಕರಗಳು ಮತ್ತು ಮಹತ್ವ

ಭೈರರಸರ ಘಟ್ಟದ ಮೇಲಿನ ಇತಿಹಾಸಕ್ಕೆ ಮುಖ್ಯ ಆಕರ ಕಳಸ, ಕೊಪ್ಪ ಸೀಮೆಗಳ ಶಾಸನಗಳು. ಬಿ.ಎಲ್. ರೈಸ್ ಅವರ ‘ಎಪಿಗ್ರಾಫಿಯ ಕರ್ನಾಟಿಕ’ದ ಕಡೂರು ಜಿಲ್ಲೆಯ ಸಂಪುಟದಲ್ಲಿ, 1901ರಲ್ಲಿ, ಇವು ಬೆಳಕಿಗೆ ಬಂದವು. ಕೆಳಗಿನ ಇತಿಹಾಸಕ್ಕೆ ಕಾರ್ಕಳ, ಹಿರಿಯಂಗಡಿ, ವರಂಗಗಳ ಶಾಸನಗಳು ಆಧಾರ. ಆಡಳಿತದ ಗಡಿಯಿಂದಾಗಿ ಈ ಎರಡು ಬಗೆಯ ಆಕರಗಳು ಬಹುಕಾಲ ಬೇರೆಬೇರೆ ಸಂಪುಟಗಳಲ್ಲಿ ಉಳಿದವು. ಕಾರ್ಕಳದ ಅರಸರು ತುಳುನಾಡಿನ ಇತಿಹಾಸದಲ್ಲಿಯೂ ಕಳಸದ ಅರಸರು ಮಲೆನಾಡಿನ ಇತಿಹಾಸದಲ್ಲಿಯೂ ಪ್ರತ್ಯೇಕವಾಗಿ ಬಂದುಹೋಗುತ್ತಾರೆ. ಎರಡನ್ನೂ ಕೂಡಿಸಿ ಓದಿದಾಗಲೇ ಬಿರುದಿನ ನಿಜವಾದ ವ್ಯಾಪ್ತಿ ತಿಳಿಯುತ್ತದೆ.

ಮಲೆನಾಡಿನ ಒಂದು ಸಾಮಂತ ಮನೆತನ ಕರಾವಳಿಯ ಉತ್ತರಾಧಿಕಾರ ಪದ್ಧತಿಯನ್ನು ತನ್ನದಾಗಿಸಿಕೊಂಡು, ತನ್ನ ಜೈನಧರ್ಮವನ್ನು ಬಿಡದೆ ಶಿವಕ್ಷೇತ್ರವನ್ನೂ ಪೊರೆದು, ದೊಡ್ಡ ಸಾಮ್ರಾಜ್ಯದ ಅಡಿಯಲ್ಲಿ ತನ್ನ ಹೆಸರನ್ನು ಶತಮಾನಗಳ ಕಾಲ ಉಳಿಸಿಕೊಂಡ ಬಗೆಯನ್ನು ಈ ಬಿರುದು ತೋರಿಸುತ್ತದೆ. ಅವರು ಆರಂಭಿಸಿದ ಆಚರಣೆಗಳು ಇಂದಿಗೂ ನಡೆಯುತ್ತಿವೆ. ಕಾರ್ಕಳದ ಗೊಮ್ಮಟನಿಗೆ ಸುಮಾರು ಹನ್ನೆರಡು ವರ್ಷಗಳಿಗೊಮ್ಮೆ ಮಹಾಮಸ್ತಕಾಭಿಷೇಕ ನಡೆಯುತ್ತದೆ. 2002ರಲ್ಲಿ ಮತ್ತು 2015ರಲ್ಲಿ ಅದು ಜರುಗಿತು. ಲಲಿತಕೀರ್ತಿ ಎಂಬ ಪೀಠನಾಮ ಕಾರ್ಕಳದ ಮಠದಲ್ಲಿ ಮುಂದುವರಿದಿದೆ. ಹಿಂದೆ ಮೂಡಿಗೆರೆಗೆ ಸೇರಿದ್ದ ಕಳಸ ಈಗ ಪ್ರತ್ಯೇಕ ತಾಲ್ಲೂಕಿನ ಕೇಂದ್ರವಾಗಿದ್ದು, ಭೈರರಸರು ದತ್ತಿ ಬಿಟ್ಟ ಕಳಸೇಶ್ವರ ದೇವಾಲಯ ಆ ಸೀಮೆಯ ಪ್ರಧಾನ ಯಾತ್ರಾಸ್ಥಳವಾಗಿದೆ.